“ಒಂದು ಪ್ಯಾಡ್ ಹಾಕ್ಬಿಡು ಮಗಾ” ಅನ್ನೋರಿಗೆ

1/8

ಬಳ್ಳಾರಿ ಕಡೆ ಕಿರುಚಿತ್ರ ಮಾಡೋ ಹುಡುಗ್ರಿಗೆಲ್ಲ ಈ ಮಾತು ಗೊತ್ತು. ಶೂಟಿಂಗ್ ಮುಗಿದಿರುತ್ತೆ, ಎಡಿಟ್ ಲಾಕ್ ಆಗಿರುತ್ತೆ, ಫೆಸ್ಟಿವಲ್‌ಗೆ ಕಳಿಸೋಕೆ ಮೂರೇ ದಿನ ಉಳಿದಿರುತ್ತೆ. ಆಗ ಮ್ಯೂಸಿಕ್ ಮಾಡೋನಿಗೆ ಫೋನ್ ಬರುತ್ತೆ. “ಇಲ್ಲಿ ಸ್ವಲ್ಪ ಖಾಲಿ ಅನ್ಸುತ್ತೆ, ಒಂದು ಪ್ಯಾಡ್ ಹಾಕ್ಬಿಡು ಮಗಾ.”

ಪ್ಯಾಡ್ ಅಂದ್ರೆ ಗೊತ್ತಿಲ್ಲದೋರಿಗೆ ಹೇಳ್ತೀನಿ. ಕೀಬೋರ್ಡ್ ಮೇಲೆ ಒಂದು ಬೆರಳು ಒತ್ತಿ ಹಿಡಿದ್ರೆ “ಹೂಂ…” ಅಂತ ನಿಲ್ಲದೆ ಬರೋ ದಪ್ಪನೆ ಸದ್ದು. ರೈತ ಆಕಾಶ ನೋಡ್ತಿದ್ರೂ ಅದೇ, ಹುಡುಗಿ ಬಸ್‌ಸ್ಟ್ಯಾಂಡಲ್ಲಿ ಅಳ್ತಿದ್ರೂ ಅದೇ, ಹೆಣ ಸಿಕ್ಕಿದ್ರೂ ಅದೇ. ಅದರ ಮೇಲೆ ಎಲ್ಲಿಂದಲೋ ಇಳಿಸ್ಕೊಂಡ ಒಂದು ಕೊಳಲು. “ಅಟ್ಮಾಸ್ಫಿಯರ್ ಬಂತು” ಅಂತಾರೆ.

ನೀವೂ ನೋಡಿರ್ತೀರಿ. ಕಣ್ಣು ಮುಚ್ಚಿ ಕೇಳಿದ್ರೆ ಅದು ಸಿರುಗುಪ್ಪದ ಸಿನಿಮಾನೋ ಸ್ವೀಡನ್ನಿನ ಸಿನಿಮಾನೋ ಗೊತ್ತೇ ಆಗಲ್ಲ. ಕಣ್ಣಿಗೆ ನಮ್ಮೂರು ಕಾಣ್ಸುತ್ತೆ, ಕಿವಿಗೆ ಯಾರದ್ದೋ ಊರು ಕೇಳ್ಸುತ್ತೆ.

ಟ್ಯೂನ್ ಇಲ್ಲದ, ತಾಳ ಇಲ್ಲದ, ಬರೀ ವಾತಾವರಣ ಕಟ್ಟೋ ಸಂಗೀತ ಅಂದ್ರೆ ನನಗೆ ಜೀವ. ಅದಕ್ಕೇ ಈ ಜಗಳ. ವಾತಾವರಣ ಡೌನ್‌ಲೋಡ್ ಮಾಡೋ ವಸ್ತು ಅಲ್ಲ. ಅದು ಸಿನಿಮಾ ನಡೆಯೋ ಜಾಗದಲ್ಲೇ ಇರುತ್ತೆ, ಅಲ್ಲಿಂದಲೇ ಎತ್ತಿ ಸಂಗೀತ ಮಾಡಬೇಕು. ಅದಕ್ಕೆ ಟೈಮ್ ಬೇಕು, ದುಡ್ಡು ಬೇಕು, ಕೆಲವು ಸಲ ಅನುಮತಿನೂ ಬೇಕು. ಈ ಮೂರೂ ಕೊಡದೆ “ಎಕ್ಸ್‌ಪೆರಿಮೆಂಟಲ್ ಸಿನಿಮಾ” ಅಂತ ಪೋಸ್ಟರ್ ಹಾಕಿದ್ರೆ ಅದು ಎಕ್ಸ್‌ಪೆರಿಮೆಂಟ್ ಅಲ್ಲ, ಉಳಿತಾಯ.

ಪೂರ್ತಿ ಓದಿ, ಆಮೇಲೆ ಕಮೆಂಟಲ್ಲಿ ಬೈರಿ.

2/8

ಫೋಟೋದಲ್ಲಿರೋದು ಟ್ರಾನ್ಸ್‌ಫಾರ್ಮರ್. ಹೌದು, ಕರೆಂಟಿಂದು.

ರಾತ್ರಿ ಹತ್ತರ ಮೇಲೆ ಸಿರುಗುಪ್ಪ ರಸ್ತೆಯಲ್ಲಿ ಗಾಡಿ ನಿಲ್ಲಿಸಿ, ಇಂಜಿನ್ ಆಫ್ ಮಾಡಿ ಕೇಳಿ. ಭತ್ತದ ಗದ್ದೆಯ ಕಪ್ಪೆ, ದೂರದಲ್ಲೊಂದು ಪಂಪ್‌ಸೆಟ್ಟು, ಇವೆಲ್ಲದರ ಕೆಳಗೆ ಟ್ರಾನ್ಸ್‌ಫಾರ್ಮರಿನ “ಗುಂಯ್”. ನಮ್ಮ ದೇಶದ ಕರೆಂಟು 50 ಹರ್ಟ್ಸ್. ಟ್ರಾನ್ಸ್‌ಫಾರ್ಮರ್ ಒಳಗಿನ ಕಬ್ಬಿಣ ಅದರ ಎರಡರಷ್ಟು ಸಲ ನಡುಗುತ್ತೆ, ಅಂದ್ರೆ 100 ಹರ್ಟ್ಸ್. ಕೀಬೋರ್ಡಿನ ಕೆಳಗಿನ ‘ಜಿ’ ಸ್ವರ 98, ಹಾಗಾಗಿ ಅದಕ್ಕಿಂತ ಒಂಚೂರು ಮೇಲೆ. ನಮ್ಮ ಊರುಗಳ ರಾತ್ರಿಗೆ ಯಾರೂ ಕೇಳದ ಒಂದು ಷಡ್ಜ ಐತೆ ನೋಡ್ರಿ, ಹುಟ್ಟಿದಾಗಿಂದ ಅದೇ ಶ್ರುತಿಯಲ್ಲಿ ಮಲಗಿದೀವಿ. ಅಮೆರಿಕದಲ್ಲಿ ಕರೆಂಟು 60 ಹರ್ಟ್ಸ್, ಅಲ್ಲಿನ ಟ್ರಾನ್ಸ್‌ಫಾರ್ಮರ್ 120ರಲ್ಲಿ ಹಾಡುತ್ತೆ. ಅಂದ್ರೆ ಅಲ್ಲಿ ಯಾರೋ ರೆಕಾರ್ಡ್ ಮಾಡಿಟ್ಟ “ರಾತ್ರಿಯ ಸದ್ದು” ಇಳಿಸ್ಕೊಂಡು ನಮ್ಮ ರಾತ್ರಿಗೆ ಹಾಕಿದ್ರೆ ಶ್ರುತಿನೇ ಬೇರೆ. ಕೇಳೋರಿಗೆ ಕಾರಣ ಗೊತ್ತಾಗಲ್ಲ, ಆದ್ರೆ ಎಲ್ಲೋ ಏನೋ ಸುಳ್ಳು ಅನ್ಸುತ್ತೆ.

ಈಗ ಸಿರುಗುಪ್ಪದ ಅಕ್ಕಿ ಗಿರಣಿಗೆ ಬನ್ನಿ. ತುಂಗಭದ್ರಾ ನೀರು, ಭತ್ತ, ಗಿರಣಿ, ಆ ಊರಿನ ಬದುಕೇ ಇದು. ಹೊರಗಿಂದ ಕೇಳಿದ್ರೆ ಬರೀ ಗದ್ದಲ. ಒಳಗೆ ಹೋಗಿ ಒಂದೊಂದೇ ಮಷೀನ್ ಹತ್ರ ಫೋನ್ ಹಿಡಿದ್ರೆ ಬೇರೆ ಲೋಕ. ಜರಡಿಗೆ ಒಂದು ಲಯ ಇದೆ, ಬೆಲ್ಟಿನ ಜಾಯಿಂಟ್ ಒಂದು ಸುತ್ತಿಗೆ ಒಂದ್ಸಲ “ಟಪ್” ಅನ್ನುತ್ತೆ, ಹೊಟ್ಟು ಹಾರಿಸೋ ಫ್ಯಾನ್ ಉಸಿರಾಡಿದ ಹಾಗೆ ಇರುತ್ತೆ. ಈ ಉಸಿರನ್ನ ಅರ್ಧ ವೇಗಕ್ಕೆ ಇಳಿಸಿ: ಸ್ಥಾಯಿ ಒಂದು ಕೆಳಗಿಳಿಯುತ್ತೆ, ಉದ್ದ ಎರಡಾಗುತ್ತೆ. ಮತ್ತೊಮ್ಮೆ ಅರ್ಧ ಮಾಡಿ. ಗಿರಣಿ ಈಗ ಗಿರಣಿ ಅಲ್ಲ, ನಿದ್ದೆಯಲ್ಲಿರೋ ಯಾವುದೋ ದೊಡ್ಡ ಪ್ರಾಣಿ. ಸಾಲ ತೀರಿಸೋಕಾಗದೆ ಮಲಗಿರೋ ರೈತನ ಸೀನಿಗೆ ಇದಕ್ಕಿಂತ ಬೇರೆ ಪ್ಯಾಡ್ ಬೇಕಾ?

ಇದು ನಾನು ಕಂಡುಹಿಡಿದದ್ದಲ್ಲ. 2019ರ ‘ಚೆರ್ನೋಬಿಲ್’ ಸರಣಿ ನೋಡಿದೀರಲ್ಲ? ಅದರ ಸಂಗೀತಕ್ಕೆ ಐಸ್‌ಲ್ಯಾಂಡಿನ ಹಿಲ್ಡುರ್ ಗುಡ್ನಾಡೊಟ್ಟಿರ್ ಲಿಥುವೇನಿಯಾದಲ್ಲಿ ಮುಚ್ಚಿಹೋದ ಇಗ್ನಾಲಿನಾ ಅಣುಸ್ಥಾವರದ ಒಳಗೇ ಹೋಗಿ ಬಾಗಿಲು, ಪಂಪು, ಕೋಣೆಗಳ ಸದ್ದು ರೆಕಾರ್ಡ್ ಮಾಡ್ಕೊಂಡು ಬಂದ್ರು. ಆ ಸದ್ದುಗಳೇ ಅಲ್ಲಿ ವಾದ್ಯ. ಅಷ್ಟು ದೊಡ್ಡ ಬಜೆಟ್ ಇದ್ದೋರೂ ಲೈಬ್ರರಿಯಿಂದ “ಅಣುಸ್ಥಾವರ ಡ್ರೋನ್ 04” ಅಂತ ಇಳಿಸ್ಕೊಳ್ಳಲಿಲ್ಲ. ನಮಗೆ ಗಿರಣಿ ಬಸ್ ಚಾರ್ಜಿನ ದೂರದಲ್ಲಿದೆ.

3/8

ಬಳ್ಳಾರಿಯೋರಾಗಿ ಇದು ಗೊತ್ತಿರಲಿಲ್ಲ ಅಂದ್ರೆ ಈ ಕ್ಯಾಪ್ಷನ್ ಸೇವ್ ಮಾಡ್ಕೊಳ್ಳಿ.

ನಗರದಿಂದ ಸ್ವಲ್ಪ ದೂರದಲ್ಲಿ ಸಂಗನಕಲ್ಲು, ಕಪ್ಪಗಲ್ಲು ಗುಡ್ಡಗಳಿದಾವೆ. ನವಶಿಲಾಯುಗದ ಜನ ಇದ್ದ ಜಾಗ. ಬಂಡೆ ಮೇಲೆ ದನಗಳ ಚಿತ್ರ ಕುಟ್ಟಿ ಮೂಡಿಸಿದಾರೆ. ಅದೇ ಗುಡ್ಡದಲ್ಲಿ ಕಪ್ಪು ಡಾಲರೈಟ್ ಬಂಡೆಗಳಿದಾವೆ, ಕಲ್ಲಿನಿಂದ ತಟ್ಟಿದ್ರೆ ಗಂಟೆ ಥರ ಮೊಳಗ್ತಾವೆ. ಎಲ್ಲಿ ಬೇಕಾದ್ರೆ ಅಲ್ಲಿ ಅಲ್ಲ. ತಟ್ಟಿ ತಟ್ಟಿ ಗುಳಿ ಬಿದ್ದ ಜಾಗಗಳಿದಾವೆ, ಅಲ್ಲಿ. ಸಾವಿರಾರು ವರ್ಷ ಹಿಂದೆ ಯಾರೋ ಮತ್ತೆ ಮತ್ತೆ ಬಂದು ಅದೇ ಜಾಗಕ್ಕೆ ತಟ್ಟಿದಾರೆ ಅಂದ್ರೆ ಸದ್ದಿಗೋಸ್ಕರಾನೇ ಬಂದಿರ್ಬೇಕು ಅಂತ ನನಗನ್ಸುತ್ತೆ. ಫಾಸೆಟ್ ಅನ್ನೋ ಇಂಗ್ಲಿಷ್ ಅಧಿಕಾರಿ ಈ ಜಾಗದ ಬಗ್ಗೆ 1892ರಲ್ಲೇ ಬರೆದಿದ್ದ. ಆಮೇಲೆ ಲೋಕ ಮರೆತುಬಿಡ್ತು. ನಿಕೋಲ್ ಬೋಯ್ವಿನ್ ಅನ್ನೋ ಪುರಾತತ್ವಜ್ಞೆ 2004ರಲ್ಲಿ ‘ಆಂಟಿಕ್ವಿಟಿ’ ಪತ್ರಿಕೆಯಲ್ಲಿ ಬರೆದಾಗ ಈ ಹಾಡೋ ಕಲ್ಲುಗಳು ಮತ್ತೆ ಸುದ್ದಿಯಾದ್ವು. ಆ ಗುಡ್ಡಕ್ಕೆ ಕಲ್ಲು ಕ್ವಾರಿಯ ಅಪಾಯ ಇದೆ ಅಂತಾನೂ ಆಗ ಎಚ್ಚರಿಸಿದ್ರು.

ಅಂದ್ರೆ ರಾಗ, ತಾಳ, ವೀಣೆ, ಹಾರ್ಮೋನಿಯಂ ಯಾವುದೂ ಇಲ್ಲದ ಕಾಲದಲ್ಲಿ ನಮ್ಮ ಊರಲ್ಲಿ ಜನ ಒಂದು ಗುಡ್ಡವನ್ನೇ ವಾದ್ಯ ಮಾಡ್ಕೊಂಡಿದ್ರು. “ಎಕ್ಸ್‌ಪೆರಿಮೆಂಟಲ್ ಮ್ಯೂಸಿಕ್ ಎಲ್ಲ ನಮ್ಮ ಜನಕ್ಕೆ ಅರ್ಥ ಆಗಲ್ಲ, ಅದು ಬೆಂಗಳೂರಿನ ಫೆಸ್ಟಿವಲ್ ಜನಕ್ಕೆ” ಅನ್ನೋ ಅಣ್ಣಂದಿರು ಒಂದ್ಸಲ ಈ ಗುಡ್ಡ ನೋಡ್ಕೊಂಡು ಬರಲಿ.

ಹಾಗಂತ ಸುತ್ತಿಗೆ ತಗೊಂಡು ಹೋಗಿ ಬಡಿಬ್ಯಾಡ್ರಿ. ಹಂಪಿಯ ವಿಠ್ಠಲ ದೇವಸ್ಥಾನದ ಕಂಬಗಳನ್ನ ಬಂದೋರೆಲ್ಲ ಬಡಿದು ಬಡಿದು, ಕೊನೆಗೆ ಮುಟ್ಟೋದನ್ನೇ ನಿಷೇಧಿಸಬೇಕಾಯ್ತು. ಅಲ್ಲಿ ಹೋಗಿ ಗಾಳಿ ರೆಕಾರ್ಡ್ ಮಾಡಿ. ಬಂಡೆ ಸಂದಿಯಲ್ಲಿ ಗಾಳಿ ಹೋಗೋ ಸದ್ದು ಸಂಜೆ ಐದಕ್ಕೂ ಏಳಕ್ಕೂ ಬೇರೆ ಬೇರೆ. ಕಲ್ಲು ಬಿಸಿಲಿಗೆ ಕಾದು ಆರೋ ಊರು ಇದು, ಗಾಳಿಗೂ ಆ ಬಿಸಿ ಇರುತ್ತೆ.

4/8

ಈಗ ಸಿನಿಮಾಕ್ಕೆ ಬರೋಣ. “ಕನ್ನಡದಲ್ಲಿ ಈ ಥರ ಯಾರು ಮಾಡಿದಾರೆ?” ಅಂತ ಕೇಳೋರಿಗೆ.

1970ರ ‘ಸಂಸ್ಕಾರ’. ಪಟ್ಟಾಭಿರಾಮ ರೆಡ್ಡಿ ನಿರ್ದೇಶನ, ಅನಂತಮೂರ್ತಿ ಕಾದಂಬರಿ, ಕಾರ್ನಾಡ್ ಪ್ರಾಣೇಶಾಚಾರ್ಯ, ಇದೆಲ್ಲ ಕ್ವಿಜ್‌ನಲ್ಲಿ ಬರುತ್ತೆ. ಸಂಗೀತ ಯಾರದ್ದು ಅಂತ ಯಾರೂ ಕೇಳಲ್ಲ. ರಾಜೀವ ತಾರಾನಾಥ. ಸರೋದ್ ವಾದಕ, ಅಲಿ ಅಕ್ಬರ್ ಖಾನರ ಶಿಷ್ಯ, ಇಂಗ್ಲಿಷ್ ಮೇಷ್ಟ್ರು. ತುಂಗಭದ್ರಾ ದಡದಲ್ಲಿ ಪ್ರೇಮಾಯತನ ಆಶ್ರಮ ಕಟ್ಟಿದ ಪಂಡಿತ ತಾರಾನಾಥರ ಮಗ, ಅಂದ್ರೆ ನಮ್ಮ ಹೊಳೆ ಸಾಲಿನೋರು. ಸಿನಿಮಾ ಸಂಗೀತ ಅಂದ್ರೆ ಹಾಡು ಅಂತಿದ್ದ ಕಾಲದಲ್ಲಿ, ಹಾಡಿನ ಸಂಗೀತ ನಿರ್ದೇಶಕರನ್ನ ಬಿಟ್ಟು ಒಬ್ಬ ಸರೋದ್ ವಾದಕನನ್ನ ಕರೆಸಿದ್ದೇ ದೊಡ್ಡ ನಿರ್ಧಾರ. ಇವರೇ 1977ರಲ್ಲಿ ಅರವಿಂದನ್ ಅವರ ಮಲಯಾಳಂ ‘ಕಾಂಚನ ಸೀತಾ’ಕ್ಕೂ ಸಂಗೀತ ಕೊಟ್ರು. 2024ರ ಜೂನ್‌ನಲ್ಲಿ ತೀರಿಹೋದಾಗ ನನ್ನ ಫೀಡ್‌ನಲ್ಲಿ ಸರೋದ್ ಬಗ್ಗೆ ತುಂಬ ಪೋಸ್ಟ್ ಬಂತು, ‘ಸಂಸ್ಕಾರ’ದ ಸಂಗೀತದ ಬಗ್ಗೆ ಒಂದೂ ಇಲ್ಲ.

ಇನ್ನೊಬ್ಬರು ಬಿ.ವಿ. ಕಾರಂತ. ಗುಬ್ಬಿ ಕಂಪನಿಯಲ್ಲಿ ಬೆಳೆದೋರು, ರಂಗಭೂಮಿಯಲ್ಲಿ ಸದ್ದು ಮಾಡೋ ಯಾವ ವಸ್ತುವನ್ನೂ ವಾದ್ಯ ಅಂತ ಒಪ್ಪಿಕೊಂಡೋರು. 1976ರ ‘ಋಷ್ಯಶೃಂಗ’ಕ್ಕೆ, 1977ರ ‘ಘಟಶ್ರಾದ್ಧ’ಕ್ಕೆ, ಎರಡು ವರ್ಷ ಸಾಲಾಗಿ ರಾಷ್ಟ್ರಪ್ರಶಸ್ತಿ. ‘ಘಟಶ್ರಾದ್ಧ’ ಕಡಿಮೆ ದುಡ್ಡಲ್ಲಿ ಮಾಡಿದ ಕಪ್ಪು-ಬಿಳುಪು ಸಿನಿಮಾ, ಗಿರೀಶ ಕಾಸರವಳ್ಳಿ ಅವರ ಮೊದಲನೇದು. 2024ರಲ್ಲಿ ರಿಸ್ಟೋರ್ ಆದ ಪ್ರತಿ ವೆನಿಸ್‌ನಲ್ಲಿ ತೋರಿಸಿದ್ರು. ನೋಡೋಕೆ ಸಿಕ್ಕರೆ ಸಂಗೀತ ಎಲ್ಲಿ ಬರುತ್ತೆ ಅಂತ ಅಲ್ಲ, ಎಲ್ಲೆಲ್ಲಿ ಬರಲ್ಲ ಅಂತ ಲೆಕ್ಕ ಹಾಕ್ತಾ ನೋಡಿ.

ಸಿನಿಮಾಕ್ಕೂ ಮುಂಚೆ ಹೋಗೋಣವಾ? ತೊಗಲುಗೊಂಬೆ. ಒಂದು ಬಿಳಿ ಪರದೆ, ಹಿಂದೆ ದೀಪ, ಓಡಾಡೋ ಬಣ್ಣದ ನೆರಳು, ಪಕ್ಕದಲ್ಲೇ ಕೂತು ಸಂಗೀತ, ಮಾತು, ಸದ್ದು ಎಲ್ಲ ಲೈವ್ ಮಾಡೋ ಮೇಳ. ಗಡಿಯಾಚೆ ಆಂಧ್ರದ ತೋಲುಬೊಮ್ಮಲಾಟದಲ್ಲಿ ಯುದ್ಧದ ಸದ್ದಿಗೆ ಕಾಲ ಕೆಳಗಿನ ಹಲಗೆ ತುಳಿತಾರೆ. ಇದು ಬ್ಯಾಕ್‌ಗ್ರೌಂಡ್ ಸ್ಕೋರ್ ಅಲ್ಲದೆ ಮತ್ತೇನು? ನಮ್ಮ ಬಳ್ಳಾರಿಯ ಬೆಳಗಲ್ಲು ವೀರಣ್ಣ ಇದನ್ನ ದೇಶವೆಲ್ಲ ಸುತ್ತಿಸಿದ್ರು. ರಾಮಾಯಣಕ್ಕಷ್ಟೇ ನಿಲ್ಲದೆ ಗಾಂಧಿ ಕಥೆನೂ ತೊಗಲುಗೊಂಬೆಯಲ್ಲಿ ಆಡಿದ್ರು. 2023ರಲ್ಲಿ ತೀರಿಹೋದ್ರು. ಪರದೆ ಮುಂದೆ ರಾತ್ರಿಯಿಡೀ ಕೂತು ನೋಡಿದ ಜನದ ಮೊಮ್ಮಕ್ಕಳಿಗೆ ಹತ್ತು ನಿಮಿಷದ ನಿಧಾನ ಸಂಗೀತ ಬೋರ್ ಆಗುತ್ತೆ ಅಂತ ನಾವೇ ಯಾಕೆ ತೀರ್ಮಾನ ಮಾಡ್ತೀವಿ?

5/8

ಇದು ಸ್ವಲ್ಪ ಖಾರವಾಗಿರುತ್ತೆ.

ಪ್ಯಾಡ್ ಹಳೇದಾಯ್ತು ಅಂತ ಈಗ ಹೊಸ ಚಟ ಬಂದಿದೆ: ಜಾನಪದದ ಸ್ಯಾಂಪಲ್. “ಬ್ರೋ, ಚೌಡಿಕೆ ಒಂದು ಲೂಪ್ ಇದ್ರೆ ಕಳ್ಸು, ಹಾರರ್ ಸೀನ್‌ಗೆ ಸಖತ್ತಾಗಿರುತ್ತೆ.”

ಚೌಡಿಕೆ ನೋಡಿದೀರಲ್ಲ? ಕೊಡದ ಥರದ ಮೈ, ಕೆಳಗೆ ಚರ್ಮ, ಅದರಿಂದ ಮೇಲಿನ ಕೋಲಿನವರೆಗೆ ಒಂದೇ ತಂತಿ. ಕಂಕುಳಲ್ಲಿ ಹಿಡಿದು ಮೀಟ್ತಾ ತಂತಿಯ ಬಿಗಿ ಹೆಚ್ಚು-ಕಡಿಮೆ ಮಾಡಿದ್ರೆ ಸ್ವರ ಜಾರುತ್ತೆ, ಏರುತ್ತೆ. ಅರ್ಧ ತಂತಿವಾದ್ಯ, ಅರ್ಧ ಚರ್ಮವಾದ್ಯ. ಸಿಂಥಸೈಜರ್‌ನಲ್ಲಿ ಸಾವಿರ ನಾಬ್ ತಿರುಗಿಸಿದ್ರೂ ಬಾರದ ಜಾರು ಅದು. ಜೋಗತಿಯರು ಯಲ್ಲಮ್ಮನ ಪದ ಹಾಡೋದು ಇದರ ಜೊತೆಗೇ. 2021ರಲ್ಲಿ ಪದ್ಮಶ್ರೀ ಘೋಷಣೆಯಾದ ಮಂಜಮ್ಮ ಜೋಗತಿ ಹುಟ್ಟಿದ್ದು ನಮ್ಮ ಕುರುಗೋಡು ಕಡೆಯ ಕಲ್ಲುಕಂಬದಲ್ಲಿ. ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷೆಯೂ ಆಗಿದ್ರು. ಅಂದ್ರೆ ಈ ವಾದ್ಯಕ್ಕೆ ಊರಿದೆ, ದೇವರಿದೆ, ಅದನ್ನ ಹಿಡಿದ ಕಾರಣಕ್ಕೆ ಅವಮಾನ ನುಂಗಿದ ಜನ ಇದಾರೆ. ಅದನ್ನ ಎರಡು ಸೆಕೆಂಡ್ ಕತ್ತರಿಸಿ, ರಿವರ್ಬ್ ಹಾಕಿ, ದೆವ್ವ ಬರೋವಾಗ ಹಚ್ಚೋದು ನನಗೆ ಸರಿ ಕಾಣಲ್ಲ.

ಹಾಗಾದ್ರೆ ಮುಟ್ಟಲೇಬಾರದಾ? ಮುಟ್ಟಬೇಕು. ಕೇಳಿ ಮುಟ್ಟಬೇಕು.

ಒಂದು ಕಿರುಚಿತ್ರಕ್ಕೆ ಕುರುಗೋಡು ಹತ್ರದ ಒಬ್ಬ ಜೋಗತಿ ಅಮ್ಮನ ಚೌಡಿಕೆ ರೆಕಾರ್ಡ್ ಮಾಡೋಕೆ ಹೋಗಿದ್ವಿ. ಮೈಕ್ ಹೊಂದಿಸ್ತಿರುವಾಗ ಅವರು ಕೇಳಿದ್ದು ದುಡ್ಡಿನ ಪ್ರಶ್ನೆ ಅಲ್ಲ. “ಇದನ್ನ ಯಾವ ಸೀನಿಗೆ ಹಾಕ್ತೀರಪ್ಪ?” ಅಂತ. ನಿರ್ದೇಶಕರು ಕಥೆ ಹೇಳಿದ್ರು: ಗಂಡ ಹೆಂಡತಿನ ಹೊಡೆಯೋ ರಾತ್ರಿ. ಅವರು ಸುಮ್ನೆ ಕೂತ್ರು. ಆಮೇಲೆ, “ಅಲ್ಲಿಗೆ ತಾಯಿ ಹಾಡು ಕೊಡಲ್ಲ. ತಂತಿ ಬೇಕಾದ್ರೆ ಕೊಡ್ತೀನಿ” ಅಂದ್ರು. ಹಾಡಿಲ್ಲದೆ ಬರೀ ತಂತಿ, ಆರು ನಿಮಿಷ, ನಡುನಡುವೆ ನಿಲ್ಲಿಸಿ ನಿಲ್ಲಿಸಿ ಮೀಟಿದ್ರು. ಸಿನಿಮಾದಲ್ಲಿ ಉಳಿದದ್ದು ಒಂದೂವರೆ ನಿಮಿಷ. ಆ ಸೀನಿಗೆ ಸಂಗೀತ ಸಂಯೋಜನೆ ಮಾಡಿದ್ದು ಅವರೇ. ಎಲ್ಲಿ ಹಾಡಬಾರದು ಅಂತ ಹೇಳಿದ್ರಲ್ಲ, ಸಂಯೋಜಕರ ಕೆಲಸದ ಅರ್ಧ ಅದೇ.

ಲೂಪ್ ಡೌನ್‌ಲೋಡ್ ಮಾಡಿದ್ರೆ ಈ ಪ್ರಶ್ನೆ ಕೇಳೋರೇ ಇರಲ್ಲ.

6/8

ನಾನು ಬಿಕಾಂ ಓದೋದು, ಹಾಗಾಗಿ ಲೆಕ್ಕ.

ಒಂದು ಅರವತ್ತು ಸಾವಿರದ ಕಿರುಚಿತ್ರ ಅಂತ ಇಟ್ಕೊಳ್ಳಿ. ಶೀಟ್ ತೆಗೆದು ನೋಡಿದ್ರೆ ಕ್ಯಾಮೆರಾ ಬಾಡಿಗೆ ಇದೆ, ಲೆನ್ಸ್ ಇದೆ, ಗಾಡಿ ಇದೆ, ಊಟ-ಟೀ ಇದೆ, ಫೆಸ್ಟಿವಲ್ ಫೀ ಕೂಡ ಇದೆ. ಸಂಗೀತಕ್ಕೆ ಹೆಡ್ಡೇ ಇಲ್ಲ. ಕೇಳಿದ್ರೆ “ನಿಂಗೆ ಕ್ರೆಡಿಟ್ ಕೊಡ್ತೀವಲ್ಲ” ಅಂತಾರೆ. ಕ್ರೆಡಿಟ್ ಅನ್ನೋದು ಕೂಲಿ ಅಲ್ಲ ಸ್ವಾಮಿ, ಅದು ಹೆಸರು. ಊಟದೋರಿಗೆ “ಎಂಡ್ ಟೈಟಲ್‌ನಲ್ಲಿ ಹೆಸರು ಹಾಕ್ತೀವಿ, ಬಿರಿಯಾನಿ ಫ್ರೀ ಕೊಡಿ” ಅಂತ ಹೇಳಿ ನೋಡಿ.

“ರಾಯಲ್ಟಿ ಫ್ರೀ ಮ್ಯೂಸಿಕ್ ಸಿಗುತ್ತಲ್ಲ, ದುಡ್ಡು ಯಾಕೆ?” ಅನ್ನೋರಿಗೆ: ರಾಯಲ್ಟಿ ಫ್ರೀ ಅಂದ್ರೆ ಪುಕ್ಕಟೆ ಅಂತ ಅಲ್ಲ. ಒಮ್ಮೆ ಲೈಸೆನ್ಸ್ ತಗೊಂಡ್ರೆ ಪ್ರತಿ ಬಳಕೆಗೂ ಮತ್ತೆ ರಾಯಲ್ಟಿ ಕೊಡೋದು ಬೇಡ ಅಂತ. ಲೈಸೆನ್ಸ್ ಷರತ್ತಿನಲ್ಲಿ ಯೂಟ್ಯೂಬ್‌ಗೆ ಮಾತ್ರ ಅಂತಲೋ, ವಾಣಿಜ್ಯ ಬಳಕೆ ಇಲ್ಲ ಅಂತಲೋ ಇರಬಹುದು, ಓದದೇ ಒಪ್ಕೊಂಡಿರ್ತೀವಿ. ಅದೇ ಲೂಪ್ ಇನ್ನೊಬ್ಬ ತನ್ನ ಹಾಡಲ್ಲಿ ಹಾಕಿ ಯೂಟ್ಯೂಬಲ್ಲಿ ನೋಂದಾಯಿಸಿದ್ರೆ, ನಿಮ್ಮ ಸಿನಿಮಾಕ್ಕೆ ಕಾಪಿರೈಟ್ ಕ್ಲೇಮ್ ಬರೋದೂ ಉಂಟು.

ಇನ್ನು ಕಾನೂನು. 1957ರ ಕಾಪಿರೈಟ್ ಕಾಯ್ದೆಗೆ 2012ರಲ್ಲಿ ತಿದ್ದುಪಡಿ ಆಯ್ತು. ಅದರ ಪ್ರಕಾರ ಸಿನಿಮಾದ ಸಂಗೀತವನ್ನ, ಥಿಯೇಟರ್‌ನಲ್ಲಿ ಆ ಸಿನಿಮಾ ಜೊತೆ ತೋರಿಸೋದು ಬಿಟ್ಟು, ಬೇರೆ ಕಡೆ ಬಳಸಿದಾಗ ಬರೋ ರಾಯಲ್ಟಿಯಲ್ಲಿ ಸಂಯೋಜಕರಿಗೆ ಸಮಪಾಲು. ಈ ಹಕ್ಕನ್ನ ನಿರ್ಮಾಪಕರಿಗೆ ಬರೆದುಕೊಡೋಕೆ ಬರಲ್ಲ. ವಾರಸುದಾರರಿಗೆ ಅಥವಾ ರಾಯಲ್ಟಿ ವಸೂಲಿಯ ಕಾಪಿರೈಟ್ ಸೊಸೈಟಿಗೆ ಮಾತ್ರ. “ಎಲ್ಲ ಹಕ್ಕೂ ನಮ್ಮದೇ” ಅಂತ ವಾಟ್ಸಾಪಲ್ಲಿ ಬರೆಸ್ಕೊಂಡ್ರೂ ಆ ಪಾಲು ಹೋಗಲ್ಲ. ಹಾಡಿದೋರಿಗೆ, ನುಡಿಸಿದೋರಿಗೆ ಪ್ರದರ್ಶಕರ ಹಕ್ಕು ಅಂತ ಬೇರೆ ಇದೆ. ಅವರ ಒಪ್ಪಿಗೆ ಇಲ್ಲದೆ ರೆಕಾರ್ಡ್ ಮಾಡೋದೇ ತಪ್ಪು. ಇದು ದೊಡ್ಡ ಕಲಾವಿದರಿಗೆ ಮಾತ್ರ ಅಲ್ಲ, ಕುರುಗೋಡಿನ ಚೌಡಿಕೆ ಅಮ್ಮನಿಗೂ ಅದೇ ಕಾನೂನು.

ಅರವತ್ತು ಸಾವಿರದಲ್ಲಿ ಆರು ಸಾವಿರ ಸದ್ದಿಗೆ ಅಂತ ಮೊದಲೇ ತೆಗೆದಿಡಿ. ಲೆನ್ಸ್ ಒಂದು ದಿನ ಕಡಿಮೆ ಬಾಡಿಗೆ ತಗೊಂಡ್ರೆ ಬಹಳಷ್ಟು ಸಲ ಅಷ್ಟು ಹೊರಡುತ್ತೆ. ಮಸುಕಾದ ಬ್ಯಾಕ್‌ಗ್ರೌಂಡ್ ಇಲ್ಲದೆ ಸಿನಿಮಾ ಬದುಕುತ್ತೆ.

7/8

“ಸ್ಟುಡಿಯೋ ಇಲ್ಲ” ಅನ್ನೋ ನೆಪಕ್ಕೆ ಉತ್ತರ, ಬೇಗ ಮುಗಿಸ್ತೀನಿ.

ಫೋನ್ ಸಾಕು, ಆದ್ರೆ ವಾಟ್ಸಾಪ್ ವಾಯ್ಸ್ ನೋಟ್ ಬೇಡ. ವೇವ್ ಫೈಲ್ ಉಳಿಸೋ ಆ್ಯಪ್ ಹಾಕ್ಕೊಳ್ಳಿ, 48 ಕಿಲೋಹರ್ಟ್ಸ್ ಇಡಿ, ವಿಡಿಯೋ ಕೆಲಸಕ್ಕೆ ಅದೇ ರೂಢಿ. ಮೈಕ್ ಮೇಲೆ ಗಾಳಿ ಹೊಡೆಯದ ಹಾಗೆ ಸ್ಪಂಜು ಕಟ್ಟಿ. ಪ್ರತಿ ಲೊಕೇಶನ್‌ನಲ್ಲಿ ಎಲ್ಲರನ್ನೂ ಎರಡು ನಿಮಿಷ ಸುಮ್ನೆ ನಿಲ್ಲಿಸಿ ಬರೀ ಜಾಗ ರೆಕಾರ್ಡ್ ಮಾಡಿ. ನಮ್ಮ ಹುಡುಗ್ರು ಎರಡು ನಿಮಿಷ ಸುಮ್ನಿರೋದೇ ಕಷ್ಟ, ಅದು ಬೇರೆ ಮಾತು.

ಎಡಿಟ್ ಮಾಡೋಕೆ ಆಡಾಸಿಟಿ ಪುಕ್ಕಟೆ ಸಿಗುತ್ತೆ. ನನಗೆ ಹುಚ್ಚು ಹಿಡಿಸಿದ ಆಟ ಒಂದಿದೆ. ಕುರುಗೋಡು ಕಡೆ ಹಾಳುಬಿದ್ದ ಕಲ್ಲುಮಂಟಪ ಇದ್ರೆ ಅಲ್ಲಿ ಒಂದು ಬಲೂನ್ ಒಡೆದು ರೆಕಾರ್ಡ್ ಮಾಡಿ. ಪೂಜೆ ನಡೆಯೋ ಗುಡಿ ಬೇಡ, ಬೈಸ್ಕೋತೀರಿ. ಆ ಒಂದು “ಢಬ್” ಮತ್ತು ಅದರ ಬಾಲದಲ್ಲಿ ಆ ಮಂಟಪ ಪೂರ್ತಿ ಇರುತ್ತೆ. ಕನ್ವಲ್ಯೂಷನ್ ರಿವರ್ಬ್ ಅನ್ನೋ ಪ್ಲಗಿನ್‌ಗೆ ಅದನ್ನ ಕೊಟ್ರೆ, ಮನೇಲಿ ಹಾಡಿದ್ದು, ಗಿರಣಿಯಲ್ಲಿ ಹಿಡಿದದ್ದು, ಏನು ಹಾಕಿದ್ರೂ ಆ ಮಂಟಪದಲ್ಲಿ ಕೇಳಿದ ಹಾಗೆ ಬರುತ್ತೆ. “ಕೆಥೆಡ್ರಲ್ ಹಾಲ್” ಅನ್ನೋ ಪ್ರಿಸೆಟ್ ಹಾಕೋದು ಬಿಡಿ ಮಾರಾಯ್ರೆ, ನಿಮ್ಮ ಕಥೆಯಲ್ಲಿ ಕೆಥೆಡ್ರಲ್ ಎಲ್ಲಿದೆ?

8/8

ಒಂದು ಆಕ್ಷೇಪಣೆ ನಿಜವಾಗ್ಲೂ ಗಟ್ಟಿ ಇದೆ. “ಊರಿನ ಸದ್ದೇ ಇಷ್ಟು ಚೆನ್ನಾಗಿದ್ರೆ ಸಂಗೀತನೇ ಯಾಕೆ?” 2016ರಲ್ಲಿ ಬಿಡುಗಡೆಯಾದ ‘ತಿಥಿ’ ಹಿನ್ನೆಲೆ ಸಂಗೀತದ ಮೇಲೆ ನಿಂತ ಸಿನಿಮಾ ಅಲ್ಲ. ನಿತಿನ್ ಲೂಕೋಸ್ ಮಾಡಿದ ಶಬ್ದವಿನ್ಯಾಸದಲ್ಲಿ ಮಂಡ್ಯದ ಊರು ತಾನೇ ಮಾತಾಡುತ್ತೆ. ಎಷ್ಟೋ ಸಲ ಸಂಯೋಜಕ ಕೊಡಬಹುದಾದ ಒಳ್ಳೇ ಸಲಹೆ “ಇಲ್ಲಿ ಏನೂ ಬೇಡ” ಅನ್ನೋದೇ. ಆದ್ರೆ ಆ ಸಲಹೆ ಕೊಡೋಕೂ ಅವನು ಸ್ಕ್ರಿಪ್ಟ್ ಓದಿರಬೇಕು, ಲೊಕೇಶನ್ ನೋಡಿರಬೇಕು. ಮೂರು ದಿನ ಇರುವಾಗ ಫೋನ್ ಮಾಡಿದ್ರೆ ಅವನ ಹತ್ರ ಇರೋದು ಪ್ಯಾಡ್ ಮಾತ್ರ.

ಪಕ್ಕದ ಕೊಪ್ಪಳದ ಯರೇಹಂಚಿನಾಳದಲ್ಲಿ, ಅಲ್ಲಿನ ಜನರ ಮಾತಲ್ಲೇ ಜೈಶಂಕರ್ ಆರ್ಯರ್ ಮಾಡಿದ ‘ಶಿವಮ್ಮ’ 2022ರಲ್ಲಿ ಬುಸಾನ್‌ನಲ್ಲಿ ನ್ಯೂ ಕರೆಂಟ್ಸ್ ಪ್ರಶಸ್ತಿ ಗೆದ್ದಿತು. ಕೊಪ್ಪಳದ ಮಾತು ಕೊರಿಯಾಕ್ಕೆ ಮುಟ್ಟಿತು ಅಂದ್ಮೇಲೆ ಸಿರುಗುಪ್ಪದ ಗಿರಣಿ ಸದ್ದು ಮುಟ್ಟಲ್ವಾ?

ಈ ಸಲ ಕೊಯ್ಲಿನ ಟೈಮಲ್ಲಿ ಸಿರುಗುಪ್ಪ, ಕುರುಗೋಡು ಕಡೆ ಯಾರಾದ್ರೂ ಶೂಟ್ ಇಟ್ಕೊಂಡಿದ್ರೆ, ಡೇಟ್ ಫಿಕ್ಸ್ ಆಗೋಕೆ ಮುಂಚೆ ಸ್ಕ್ರಿಪ್ಟ್ ಕಳಿಸಿ. ನನಗೇ ಅಂತಲ್ಲ, ನಿಮಗೆ ಗೊತ್ತಿರೋ ಯಾವ ಮ್ಯೂಸಿಕ್ ಹುಡುಗ, ಹುಡುಗಿಗಾದ್ರೂ ಸರಿ. ನನಗೆ ಕಳಿಸೋದಾದ್ರೆ ಬಜೆಟ್ ಶೀಟ್ ಜೊತೆ ಕಳಿಸಿ, ಸಂಗೀತದ ಹೆಡ್ ಇದೆಯಾ ಅಂತ ಮೊದಲು ಅದನ್ನೇ ನೋಡ್ತೀನಿ.

#ಬಳ್ಳಾರಿ #ಸಿರುಗುಪ್ಪ #ಕುರುಗೋಡು #ಕನ್ನಡಕಿರುಚಿತ್ರ #ನಮ್ಮೂರಸದ್ದು